ಕೊಲೆಗಾರನನ್ನೇ ಬದಲಾಯಿಸಿದ ಲೇಖಕಿ

ಹಳೆಯ ಪತ್ತೇದಾರಿ ಕಾದಂಬರಿಯನ್ನು ಟಿವಿಗೆ ತಂದ ಬ್ರಿಟಿಷ್ ಲೇಖಕಿ ಕೊಲೆಗಾರನನ್ನೇ ಬದಲಾಯಿಸಿದ್ದರು. ಅದು ಓದುಗರಿಗೆ ಮಾಡಿದ ಮೋಸ. ಅವರು ಸ್ವೀಡನ್ನಿನ ನಮ್ಮೂರು ಸೊಲ್ಲೆಂಟುನಾದ ಲೈಬ್ರರಿಗೆ ಮಾತಾಡಲು ಬಂದಾಗ ಎದ್ದು ನಿಂತು ಮುಖಕ್ಕೇ ಹೇಳಿದೆ. ಸಭೆಯಲ್ಲಿದ್ದ ಸ್ವೀಡನ್ನಿನವರೆಲ್ಲ ಮುಜುಗರದಿಂದ ನೆಲ ನೋಡಿದರು.

"ಕೂತ್ಕೊಳ್ಳೋ ಗುರು, ಇಲ್ಲಿಯವರ ಫೀಕಾ ಟೈಮಾಯ್ತು, ಕಾಫಿ-ಬನ್ನು ಇಟ್ಟಿದ್ದಾರೆ, ಕಾಫಿ ಆರೋಗುತ್ತೆ," ಎಂದು ಪಕ್ಕದಲ್ಲಿದ್ದ ಗೆಳೆಯ ನನ್ನ ಅಂಗಿ ಎಳೆದ. ನಾನು ಕೂರಲಿಲ್ಲ.

"ನಿಜವಾದ ಕೊಲೆಗಾರ ಯಾರು?" ಲೇಖಕಿ ಕೇಳಿದರು.

"ತೋಟದ ಮಾಲಿ."

"ಪುಸ್ತಕ ಓದಿದ್ದೀರಾ?"

"ಇಲ್ಲ. ಇದೇ ಕಥೆಯ ಹಳೆಯ ಸೀರಿಯಲ್ ನೋಡಿದ್ದೇನೆ."

"ಅದನ್ನೂ ಬರೆದವಳು ನಾನೇ. ಪುಸ್ತಕದಲ್ಲಿ ಮಾಲಿಯೇ ಇಲ್ಲ."

ಎಲ್ಲರಿಗಿಂತ ಜೋರಾಗಿ ನಕ್ಕವನು ನನ್ನ ಗೆಳೆಯ. ಅಂದರೆ ಆಕೆ ಎರಡು ಸಲ ಮೋಸ ಮಾಡಿದ್ದಾರೆ, ಮೊದಲನೆಯದನ್ನೇ ನಿಜವೆಂದು ನಂಬಿ ಅದಕ್ಕೆ ನಾನೇ ಕಾವಲು ನಿಂತಿದ್ದೆ. ಸಿಟ್ಟು ಇನ್ನೂ ಇಳಿದಿಲ್ಲ. ನೀವು ಬರೀ ಟಿವಿ ನೋಡಬೇಡಿ. ಇವತ್ತೇ ಪುಸ್ತಕ ಓದಿ, ಮುಂದಿನ ಸಲ ನನ್ನ ಪಕ್ಕದಲ್ಲಿ ಎದ್ದು ನಿಲ್ಲಿ.