ಹೂವಯ್ಯ ಮತ್ತೆ ಬಸ್ಸು ಹತ್ತಿದ್ದು

ಸಾಗರದಿಂದ ರಿಪ್ಪನ್‌ಪೇಟೆ ಮೇಲೆ ತೀರ್ಥಹಳ್ಳಿಗೆ ಹೋಗುವ ಬೆಳಗಿನ ಬಸ್ಸಿಗೆ ಅದರ ಮಾಲೀಕರು ದೇವರ ಹೆಸರಿಟ್ಟು, ಮುಂದಿನ ಗಾಜಿನ ಮೇಲೆ ದೊಡ್ಡದಾಗಿ ಬರೆಸಿದ್ದರು. ಅದನ್ನು ಓದುವ ಗೋಜಿಗೆ ಯಾರೂ ಹೋಗಲಿಲ್ಲ. ಎಲ್ಲರ ಬಾಯಲ್ಲೂ ಅದು ಹೂವಯ್ಯನ ಬಸ್ಸು. ಹೂವಯ್ಯ ಮಾಲೀಕನಲ್ಲ, ಡ್ರೈವರೂ ಅಲ್ಲ. ಬರೀ ಕಂಡಕ್ಟರ್.

ಶಾಲೆಯ ಟೀಚರ್ ಆಗಿ ನನ್ನ ಅರ್ಧ ಆಯುಸ್ಸು ಆ ಬಸ್ಸಿನಲ್ಲೇ ಕಳೆಯಿತು. ನಾನು ತಡವಾಗಿ ಓಡಿಬರುವುದು ಕಂಡರೆ ಹೂವಯ್ಯ ಕೆಳಗಿಳಿದು, ಟೈರಿಗೆ ಏನೋ ಸಿಕ್ಕಿಕೊಂಡಿದೆ ಎಂದು ಬಗ್ಗಿ ನೋಡುತ್ತಾ ನಿಲ್ಲುತ್ತಿದ್ದ. ಏನೂ ಸಿಕ್ಕಿರುತ್ತಿರಲಿಲ್ಲ. ಹತ್ತಿದ ಮೇಲೆ ಮಾತ್ರ, ‘ಅಕ್ಕೋರು ಮಕ್ಕಳಿಗೆ ಟೈಮು ಕಲಿಸ್ತಾರಂತೆ’ ಎಂದು ಇಡೀ ಬಸ್ಸಿಗೆ ಕೇಳುವ ಹಾಗೆ ಹೇಳಿ ನನ್ನ ಮಾನ ತೆಗೆಯುತ್ತಿದ್ದ.

ಆಗ ಆ ಬಸ್ಸಿನಲ್ಲಿ ಜನಕ್ಕಿಂತ ಗಂಟುಗಳೇ ಹೆಚ್ಚು. ಹಾಸ್ಟೆಲಿನ ಮಗಳಿಗೆ ಬುತ್ತಿ, ಟೈಲರ್ ಹೊಲಿದ ರವಿಕೆ, ದನದ ಔಷಧಿ, ಅರಳಸುರಳಿಯ ನೆಂಟರಿಗೆ ಕಳಿಸಿದ ಕಳಲೆ ಉಪ್ಪಿನಕಾಯಿ. ಎಲ್ಲವನ್ನೂ ಹೂವಯ್ಯನ ಕೈಗೆ ಕೊಟ್ಟು ಜನ ನಿಶ್ಚಿಂತೆಯಿಂದ ಮನೆಗೆ ಹೋಗುತ್ತಿದ್ದರು. ಬಾಯಿಮಾತೂ ಅವನ ಮೂಲಕವೇ ಹೋಗುತ್ತಿತ್ತು. ಯಾರ ಮನೆಗೆ ಹೆಣ್ಣು ನೋಡಲು ಬರುತ್ತಾರೆ, ಯಾರ ಎಮ್ಮೆ ಕರು ಹಾಕಿತು ಎಂಬುದು ನಮಗೆ ಟಿಕೆಟ್ಟಿನ ಜೊತೆಗೇ ಸಿಗುತ್ತಿತ್ತು. ಈಗ ಎಲ್ಲರ ಕೈಯಲ್ಲೂ ಫೋನಿದೆ. ಆದರೂ ಆ ಬಸ್ಸಿನ ಗಲಾಟೆ, ಡೀಸೆಲ್ ವಾಸನೆಯ ಮಧ್ಯೆ ಬರುತ್ತಿದ್ದ ಯಾರದೋ ಜಾಜಿ ಹೂವಿನ ಪರಿಮಳ ನೆನಪಾದರೆ ನನಗೆ ಸಂಕಟವಾಗುತ್ತದೆ. ಹಾಗೆ ಮತ್ತೆ ಬದುಕಲು ಆಗುವುದಿಲ್ಲವಲ್ಲ ಎಂಬ ಸಂಕಟ.

ಹೂವಯ್ಯನ ಕಾಯಿಲೆ ನಮ್ಮ ಕಣ್ಣೆದುರಿಗೇ ಬಂತು, ನಮಗೆ ಗೊತ್ತಾಗಲಿಲ್ಲ. ಮೊದಲು ತಮಾಷೆ ನಿಂತಿತು. ಆಮೇಲೆ, ಹಿಂದಿನ ಸೀಟಿನವರು ತನ್ನ ಬಗ್ಗೆಯೇ ಮಾತಾಡುತ್ತಾರೆ ಎನ್ನತೊಡಗಿದ. ಒಂದು ದಿನ ಕಾಡಿನ ತಿರುವಿನಲ್ಲಿ ಬಸ್ಸು ನಿಲ್ಲಿಸಿ, ಗಂಟುಗಳನ್ನೆಲ್ಲ ರಸ್ತೆಗೆ ಎಸೆದ. ಯಾರೋ ಅದಕ್ಕೆಲ್ಲ ವಿಷ ಹಾಕಿದ್ದಾರಂತೆ, ಮುಟ್ಟಿದರೆ ಸಾಯುತ್ತೀರಂತೆ. ಹಾಗೆಂದು ಕೈಮುಗಿದು ಅಳುತ್ತಿದ್ದ. ಅವನು ನಮ್ಮನ್ನು ಉಳಿಸುತ್ತಿದ್ದ, ಪಾಪ. ನಾವೆಲ್ಲ ಬುತ್ತಿ ಚೆಲ್ಲಿತು ಎಂದು ಬೈಯುತ್ತಿದ್ದೆವು.

ಕೆಲಸ ಹೋಯಿತು. ಮನೆಯವರು ಮಂತ್ರವಾದಿಯಿಂದ ಚೀಟಿ ಕಟ್ಟಿಸಿದರು, ತಡೆ ಒಡೆಸಿದರು, ಕೊನೆಗೆ ಕೈಬಿಟ್ಟರು. ಸಾಗರದ ಬಸ್ ಸ್ಟ್ಯಾಂಡಿನಲ್ಲಿ ಗಡ್ಡ ಬಿಟ್ಟುಕೊಂಡು ಮಲಗಿದ್ದವನನ್ನು ‘ಹೊಸಿಲು’ ಸಂಸ್ಥೆಯವರು ಕರೆತಂದರು. ರಿಪ್ಪನ್‌ಪೇಟೆಯಿಂದ ತೀರ್ಥಹಳ್ಳಿ ರಸ್ತೆಯಲ್ಲಿ ಸ್ವಲ್ಪ ದೂರ ಹೋದರೆ ಹಳೆಯ ಅಕ್ಕಿ ಗಿರಣಿಯೊಂದನ್ನು ರಿಪೇರಿ ಮಾಡಿ ಅವರು ನಡೆಸುವ ಮನೆ ಅದು. ಮನಸ್ಸಿನ ಕಾಯಿಲೆಯವರಿಗೆ ಅಲ್ಲಿ ಡಾಕ್ಟರ್ ಬರುತ್ತಾರೆ, ಊಟ ವಸತಿ ಇದೆ. ಸುಧಾರಿಸಿದ ಮೇಲೆ ಹೊರಗೆ ಕೆಲಸ, ಬಾಡಿಗೆಗೊಂದು ಕೋಣೆ ಹುಡುಕಿಕೊಡುತ್ತಾರೆ. ನಿವೃತ್ತಿಯಾದ ಮೇಲೆ ಈ ಹುಡುಕುವ ಕೆಲಸ ನನ್ನ ಪಾಲಿಗೆ ಬಂತು. ಇದಕ್ಕೆ ಮುಖ ಗಟ್ಟಿಯಿರಬೇಕು, ನಾಲಿಗೆ ಅದಕ್ಕಿಂತ ಗಟ್ಟಿಯಿರಬೇಕು. ನನಗೆ ಎರಡೂ ಇದೆ.

ವರ್ಷಗಳ ಮೇಲೆ ಹೂವಯ್ಯ ಸುಧಾರಿಸಿದ. ಮಾತ್ರೆ ತಪ್ಪಿಸುತ್ತಿರಲಿಲ್ಲ. ಕೋಣೆ ಕೇಳಲು ಹೋದರೆ, ಒಬ್ಬರು ಹುಚ್ಚರಿಗೆ ಕೊಡುವುದಿಲ್ಲ ಎಂದು ನೇರವಾಗಿ ಹೇಳಿದರು. ಇನ್ನೊಬ್ಬರು ನಯವಾಗಿ, ಸುಣ್ಣ ಹೊಡೆಸಬೇಕು ಎಂದರು. ಆ ಸುಣ್ಣ ಇವತ್ತಿಗೂ ಆಗಿಲ್ಲ. ಕೊನೆಗೆ ಹಿತ್ತಲ ಕೋಣೆ ಕೊಟ್ಟವಳು ರಂಗಮ್ಮ. ತೀರಿಹೋದ ಗಂಡ ಕುಡಿದು ಮಾಡುತ್ತಿದ್ದ ರಂಪದ ಮುಂದೆ ಇದೇನು ಮಹಾ ಎಂದು ನಕ್ಕಳು.

ಹೊಸಿಲಿನಲ್ಲಿ ಅಡಿಕೆಯ ಹಾಳೆತಟ್ಟೆ ಮಾಡುವ ಯಂತ್ರವಿದೆ. ಹೂವಯ್ಯ ಅಲ್ಲಿ ದುಡಿದ, ಆದರೆ ರಸ್ತೆಯಲ್ಲಿ ಹಾರ್ನ್ ಕೇಳಿದರೆ ಕೈಯಲ್ಲಿದ್ದ ಹಾಳೆ ಬಿಟ್ಟು ಗೇಟಿಗೆ ಬಂದು ನಿಲ್ಲುತ್ತಿದ್ದ. ಏನು ಬೇಕೋ ಮಾರಾಯ ಎಂದು ಕೇಳಿದ್ದಕ್ಕೆ, ತನಗೆ ಬಸ್ಸು ಬೇಕು ಎಂದ. ಹಳೆಯ ಮಾಲೀಕರ ಮಗ ಪೂರ್ಣೇಶ್‌ನ ಮುಂದೆ ಹೋಗಿ ಕುಳಿತೆ. ಅವನು ನನ್ನ ಶಿಷ್ಯನೇ, ಎದ್ದು ಹೋಗು ಎನ್ನುವ ಹಾಗಿರಲಿಲ್ಲ. ಒಂದು ತಿಂಗಳು ನೋಡೋಣ ಎಂದ. ಟಿಕೆಟ್ಟು, ದುಡ್ಡಿನ ಬ್ಯಾಗು ಹೊಸ ಕಂಡಕ್ಟರನದು, ಬಾಗಿಲು ಮತ್ತು ಪಾರ್ಸಲ್ಲು ಹೂವಯ್ಯನದು. ಕೊರಿಯರ್‌ನವರು ಬಾರದ ನಮ್ಮ ಹಳ್ಳಿಗಳಿಂದ ಬಸ್ಸಿಗೆ ಪಾರ್ಸಲ್ಲಿನ ಆದಾಯ ಚೆನ್ನಾಗಿಯೇ ಇದೆ. ಜನ ಹೆದರಿ ಪಾರ್ಸಲ್ಲು ಕೊಡದಿದ್ದರೆ ಹೂವಯ್ಯ ಮತ್ತೆ ಹಾಳೆತಟ್ಟೆಗೆ ಹೋಗಬೇಕು, ಇಷ್ಟೇ ಷರತ್ತು.

ಜನ ಹೆದರಿದರು. ಕೈಮರದ ಸ್ಟಾಪಿನಲ್ಲಿ, ಶಾಲೆಯ ಹತ್ತಿರ, ಎಲ್ಲ ಕಡೆ ಗಂಟು ಹಿಡಿದು ನಿಂತವರು ಬಾಗಿಲಲ್ಲಿ ಹೂವಯ್ಯನ ಮುಖ ಕಂಡ ಕೂಡಲೇ ಗಂಟನ್ನು ಬೆನ್ನ ಹಿಂದೆ ಸರಿಸಿ, ಮುಂದಿನ ಬಸ್ಸಿಗೆ ಎನ್ನುತ್ತಿದ್ದರು. ಹಳೆಯ ಕಥೆ ಇವರಿಗೆ ಮರೆತಿರಲಿಲ್ಲ. ಅವನು ಎಷ್ಟೋ ವರ್ಷ ಇವರ ಮನೆಯ ಬುತ್ತಿ ಹೊತ್ತದ್ದು ಮಾತ್ರ ಚೆನ್ನಾಗಿ ಮರೆತಿತ್ತು. ನಾನು ದಿನಾ ಅದೇ ಬಸ್ಸಿನಲ್ಲಿ ಹೊಸಿಲಿಗೆ ಹೋಗುವವಳು. ಸಿಟ್ಟು ನೆತ್ತಿಗೇರಿ ಕೆಲವರಿಗೆ ಕಿಟಕಿಯಿಂದಲೇ ಮಂಗಳಾರತಿ ಮಾಡಿದೆ. ಅದರಿಂದ ಮೂರು ಕಾಸಿನ ಪ್ರಯೋಜನವಾಗಲಿಲ್ಲ.

ಕೊನೆಗೆ ನಾನೇ ಹಲಸಿನ ಹಪ್ಪಳದ ಕಟ್ಟೊಂದನ್ನು, ತೀರ್ಥಹಳ್ಳಿಯ ತಂಗಿಗೆ ಎಂದು ಅವನ ಕೈಗಿಟ್ಟೆ. ಮರುದಿನ ಇನ್ನೊಂದು ಕಟ್ಟು. ಮೂರನೆಯದನ್ನು ಅವನು ತೆಗೆದುಕೊಳ್ಳಲಿಲ್ಲ.

‘ಅಕ್ಕೋರೆ, ನಿಮ್ ತಂಗಿ ಮನೇಲಿ ಇರೋದೇ ಎರಡು ಜನ. ಇಬ್ರಿಗೂ ಹಲ್ಲಿಲ್ಲ. ಸುಮ್ನೆ ನಂಗೋಸ್ಕರ ಕಳಿಸ್ಬ್ಯಾಡಿ’ ಎಂದ.

ಮೊದಲಿನ ಹಾಗೆ ಇಡೀ ಬಸ್ಸಿಗೆ ಕೇಳುವಂತೆ ಹೇಳಲಿಲ್ಲ, ಮೆಲ್ಲಗೆ ಹೇಳಿದ. ಅದಕ್ಕೇ ನನಗೆ ಅಳು ಬಂತು. ಹಪ್ಪಳ ಮಡಿಲಲ್ಲಿಟ್ಟುಕೊಂಡು ಕಿಟಕಿಯ ಹೊರಗೆ ನೋಡಿದೆ.

ತಿಂಗಳು ಮುಗಿಯುತ್ತ ಬಂದಿತ್ತು. ಪಾರ್ಸಲ್ಲು ಹೀಗೇ ಆದರೆ ಕಷ್ಟ ಟೀಚರ್ ಎಂದು ಪೂರ್ಣೇಶ್ ಫೋನು ಮಾಡಿದ. ಹೂವಯ್ಯನಿಗೂ ಗೊತ್ತಿತ್ತು. ಆದರೂ ಬೆಳಿಗ್ಗೆ ಖಾಕಿ ಅಂಗಿಗೆ ಇಸ್ತ್ರಿ ಹಾಕುವುದನ್ನು ಬಿಟ್ಟಿರಲಿಲ್ಲ ಎಂದು ರಂಗಮ್ಮ ಹೇಳಿದಳು.

ಆ ವಾರವೇ ಒಂದು ಬೆಳಿಗ್ಗೆ ಕೈಮರದಲ್ಲಿ ಬಸ್ಸು ನಿಂತಾಗ ಕನ್ನಮ್ಮ ಮಗಳ ಕೈ ಹಿಡಿದು ನಿಂತಿದ್ದಳು. ಕೂಲಿಗೆ ಹೋಗುವ ಹೆಂಗಸು. ಮಗಳು ಕುಮುದಾ ಸಾಗರದಲ್ಲಿ ಕಾಲೇಜು ಓದುತ್ತಿದ್ದವಳು ಇದ್ದಕ್ಕಿದ್ದಂತೆ ಮಾತು ಬಿಟ್ಟು ಮೂಲೆ ಹಿಡಿದಿದ್ದಳು. ಡಾಕ್ಟರ್ ಹೇಳಿದ ಮೇಲೆ ಕನ್ನಮ್ಮ ಅವಳನ್ನು ಹಗಲು ಹೊಸಿಲಿಗೆ ಕರೆತಂದು ಹೊಲಿಗೆ ಕಲಿಯಲು ಕೂರಿಸುತ್ತಿದ್ದಳು. ಒಬ್ಬಳನ್ನೇ ಕಳಿಸುವ ಹಾಗಿಲ್ಲ. ತಾಯಿ ಜೊತೆಗೆ ಬಂದರೆ ಅವತ್ತಿನ ಕೂಲಿ ಇಲ್ಲ. ಆದ್ದರಿಂದ ಹುಡುಗಿ ಬರುವುದೇ ನಿಂತುಹೋಗುವುದರಲ್ಲಿತ್ತು.

ಕನ್ನಮ್ಮ ಆ ದಿನ ಬಸ್ಸು ಹತ್ತಲಿಲ್ಲ. ಮಗಳನ್ನು ಮೆಟ್ಟಿಲವರೆಗೆ ತಂದು, ಅವಳ ಕೈಯನ್ನು ಹೂವಯ್ಯನ ಕೈಗೆ ಕೊಟ್ಟಳು. ದಿನಾ ಹೊಸಿಲಲ್ಲಿ ಇಳಿಸಿ, ಸಂಜೆ ಇಲ್ಲಿಗೇ ತಂದು ಬಿಡಬೇಕು ಎಂದಳು.

ಹೂವಯ್ಯ ಬೆವರಿಹೋದ. ನನ್ನ ಕಡೆ ನೋಡಿದ. ಆಮೇಲೆ ಅವಳನ್ನೇ ಕೇಳಿದ:

‘ಕನ್ನಮ್ಮ, ನಂಗೆ ಏನಾಗಿತ್ತು ಅಂತ ಗೊತ್ತುಂಟಲ್ಲ ನಿಂಗೆ?’

‘ಗೊತ್ತಿದ್ದೇ ಕೊಡ್ತಿರದು ಅಣ್ಣಾ. ನನ್ ಮಗಳು ನಿಮ್ಮಂಗೆ ಆದ್ರೆ ಸಾಕು ನಂಗೆ.’

ಮುಂದಿನ ಬಸ್ಸಿಗೆಂದು ಗಂಟು ಹಿಡಿದು ನಿಂತಿದ್ದ ಅಂಗಡಿಯ ಚಂದ್ರಯ್ಯ ತಲೆ ಕೆರೆದುಕೊಂಡು, ಅದನ್ನು ತಂದು ಮೆಟ್ಟಿಲ ಮೇಲಿಟ್ಟ. ಹೂವಯ್ಯ ಅದನ್ನು ನೋಡಲೇ ಇಲ್ಲ. ಕುಮುದಾಳನ್ನು ನನ್ನ ಪಕ್ಕದ ಕಿಟಕಿ ಸೀಟಿಗೆ ಕೂರಿಸಿ, ಗಾಳಿ ಬರಲೆಂದು ಗಾಜು ಸರಿಸಿಕೊಟ್ಟು, ಬಾಗಿಲಿಗೆ ಹೋಗಿ ನಿಂತ. ಡ್ರೈವರ್ ಕನ್ನಡಿಯಲ್ಲಿ ನೋಡುತ್ತ ಕಾದ. ಹೊರಡಲು ಕೂಗಬೇಕಾದ ಹೂವಯ್ಯ ಖಾಕಿ ತೋಳಿಗೆ ಕಣ್ಣೊರೆಸಿಕೊಳ್ಳುತ್ತ ನಿಂತಿದ್ದ.

ಕೊನೆಗೆ ನಾನೇ ಬಸ್ಸಿನ ತಗಡು ಬಡಿದು, ‘ರೈಟ್’ ಎಂದು ಕೂಗಿದೆ.