ಆನೆಗೆ ತಿಳಿಯದ ಮಾತು

ನಮ್ಮತ್ತೆ ಅಕ್ಕಯಮ್ಮನ ಹೊಲ ಹೊಸೂರು ಕಡೆಯ ಸಾನಮಾವು ಕಾಡಿನ ಅಂಚಿಗಿದೆ. ಅಲ್ಲಿ ಯಾರೂ ರಾಗಿ ಕುಯ್ಯುವ ದಿನವನ್ನು ಬಾಯಿಬಿಟ್ಟು ಹೇಳುವುದಿಲ್ಲ. ಹೇಳಿದರೆ ಆನೆ ಕೇಳಿಸಿಕೊಂಡು ಮೊದಲೇ ಬಂದುಬಿಡುತ್ತದಂತೆ. ಉಳಿದವರು ಸುಮ್ಮನಿರುತ್ತಾರೆ. ಸುಮ್ಮನಿರುವುದು ನಮ್ಮತ್ತೆಯ ಕೈಲಾಗದ ಕೆಲಸ, ಅದಕ್ಕೇ ತಮ್ಮದೇ ಒಂದು ಭಾಷೆ ಕಟ್ಟಿಕೊಂಡಿದ್ದರು.

“ಕನ್ನಡ ಅದುಕ್ಕೆ ತಿಳೀತದೆ, ತೆಲುಗೂ ತಿಳೀತದೆ. ತಮಿಳು ಫಾರೆಸ್ಟ್‌ನೋರು ಬಯ್ದೂ ಬಯ್ದೂ ಕಲ್ಸವ್ರೆ,” ಎನ್ನುತ್ತಿದ್ದರು.

ಅವರ ಭಾಷೆಯಲ್ಲಿ ರಾಗಿ ಗುಂಬಳ, ಕುಡುಗೋಲು ಚಿಪ್ಪಟೆ, ನೀರು ಡಬ್ರಿ. ಆನೆ ಅದನ್ನೂ ಕಲಿತುಬಿಟ್ಟರೆ? ಅದಕ್ಕೆ ಅಮಾವಾಸ್ಯೆ ಕಳೆದರೆ ಹೆಸರುಗಳೆಲ್ಲ ಬದಲು. ಬೇಕೆಂದೇ ಮಾಡಿದ ಗೋಜಲು.

“ಆನೆಗಿಂತ ಮುಂಚೆ ನಮ್ಗೇ ತಲೆ ಕೆಟ್ಟೋಯ್ತದೆ ಕಣಕ್ಕ!” ಎಂದು ಪಕ್ಕದ ಹೊಲದ ಬಚ್ಚಪ್ಪ ರೇಗಿಸುತ್ತಿದ್ದ.

“ಕೆಡಾಕೆ ನಿಂಗೆ ತಲೆ ಎಲ್ಲೈತ್ಲಾ?”

ಅದನ್ನು ತಪ್ಪಿಲ್ಲದೆ ಕಲಿತವಳು ನನ್ನ ಮೂರು ವರ್ಷದ ಮಗಳು ಚಂದ್ರಲೇಖಾ ಒಬ್ಬಳೇ. ನಾನು ಹೊಸೂರಿಗೆ ಕೆಲಸಕ್ಕೆ ಹೋದಾಗ ಅವಳು ಅಜ್ಜಿಯ ಬಳಿ ಇರುತ್ತಿದ್ದಳು. ಅವರಿಬ್ಬರೂ ಜಗಲಿಯಲ್ಲಿ ಹರಟಿ ನಗುತ್ತಿದ್ದರೆ ನನಗೆ ಒಂದಕ್ಷರವೂ ತಿಳಿಯುತ್ತಿರಲಿಲ್ಲ.

ಮುಂದಿನ ವರ್ಷದ ಸೀಟಿಗೆಂದು ಮಗಳನ್ನು ಶಾಲೆಗೆ ಕರೆದುಕೊಂಡು ಹೋಗಿದ್ದೆ. ಮೇಡಂ ನೀರಿನ ಲೋಟ ತೋರಿಸಿ ಏನೆಂದು ಕೇಳಿದರು. “ಡಬ್ರಿ,” ಎಂದಳು ಮಗಳು, ಬಹಳ ಹೆಮ್ಮೆಯಿಂದ. ಮಾತಿನ ತೊಂದರೆ ಇರಬಹುದು, ಡಾಕ್ಟರಿಗೆ ತೋರಿಸಿ ಎಂದರು ಮೇಡಂ. ಬಸ್ಸಿನಲ್ಲಿ ಕೂತು ಫೋನಿನಲ್ಲಿ ಓದಿದ ಲಕ್ಷಣಗಳೆಲ್ಲ ನನ್ನ ಮಗುವಿನವೇ ಅನ್ನಿಸಿದವು.

ಮನೆಗೆ ಬಂದವಳೇ, “ಅತ್ತೆ, ಇನ್ಮೇಲೆ ಆ ಹುಚ್ಚುಮಾತು ಮನೇಲಿ ಬೇಡ,” ಎಂದೆ. “ನೀವು ಸರಿಯಾಗಿ ಮಾತಾಡಿದ್ರೆ ತಾನೇ ಮಗು ಮಾತಾಡೋದು?”

“ಆಯ್ತು ಕಣಮ್ಮ.”

ಅವರು ಆಯ್ತು ಅಂದರೆ ಆಯ್ತೇ. ಮಗಳ ಜೊತೆ ಬಿಡಿಸಿ ಬಿಡಿಸಿ, ರೇಡಿಯೋದವರಂತೆ ಮಾತಾಡತೊಡಗಿದರು. ಜಗಲಿಯಲ್ಲಿ ನಗು ನಿಂತಿತು. ಒಂದು ಸಂಜೆ ನನ್ನ ಗಂಡ ಕುಮಾರೇಶ್ ಫ್ಯಾಕ್ಟರಿಯಿಂದ ಬಂದು ಕುಯ್ಲು ಯಾವಾಗ ಎಂದು ಕೇಳಿದರು. ಅತ್ತೆ ನನ್ನ ಕಡೆ ನೋಡಿದರು. ಆಮೇಲೆ ಅಂಗಳದಲ್ಲೇ ನಿಂತು ಸ್ವಚ್ಛವಾಗಿ ಹೇಳಿದರು: “ನಾಳೆ ರಾಗಿ ಕುಯ್ತೀವಿ.”

ಬೆಳಗಾಗುವಷ್ಟರಲ್ಲಿ ಅರ್ಧ ಹೊಲ ನೆಲಕ್ಕೆ ಮಲಗಿತ್ತು.

ಆನೆಗೆ ಕನ್ನಡ ಬರುತ್ತದೆಂದು ನಾನು ನಂಬುವುದಿಲ್ಲ. ಆದರೂ ಆ ಹೊಲದಲ್ಲಿ ನಿಂತಾಗ ತಲೆ ಎತ್ತಲಾಗಲಿಲ್ಲ. ಬಚ್ಚಪ್ಪ ಕೂಡ ರೇಗಿಸದೆ ತೆನೆ ಆರಿಸಿಕೊಡುತ್ತಿದ್ದ.

“ಅತ್ತೆ, ನಾನು ಹಂಗೆ ಹೇಳ್ಬಾರ್ದಿತ್ತು.”

“ಬರೋದು ಬತ್ತಾವೆ ಬಿಡು. ಅವುಕ್ಕೂ ಹೊಟ್ಟೆ ಐತೆ.”

ಬಿಸಿಲೇರಿತು. ಮಗಳು ಅಜ್ಜಿಯ ಸೆರಗು ಜಗ್ಗಿ, “ಅಜ್ಜೀ, ಡಬ್ರಿ,” ಎಂದಳು. ಅತ್ತೆಯ ಕೈ ಚೊಂಬಿನ ಕಡೆ ಹೋಗಲಿಲ್ಲ. ಮೊದಲು ನನ್ನ ಮುಖ ನೋಡಿದರು. ಬೈಗುಳ ತಿನ್ನಲು ಕಾದ ಮಗುವಿನ ನೋಟ ಅದು. ಅರವತ್ತು ದಾಟಿದ ಹೆಂಗಸಿಗೆ ನಾನು ಅದನ್ನು ಕಲಿಸಿದ್ದೆ.

“ನಂಗೂ ಡಬ್ರಿ ಕೊಡಿ ಅತ್ತೆ.”

ಅವರು ಚೊಂಬು ಎತ್ತಿಕೊಂಡರು. “ಅದು ಹಳೇದು. ಅಮಾಸೆ ಕಳೀತಲ್ಲ.”

“ಈಗಿಂದು ಏನು?”

ಅತ್ತೆ ಕಾಡಿನ ಕಡೆ ಒಮ್ಮೆ ನೋಡಿ, ಬಗ್ಗಿ, ಮಗಳ ಕಿವಿಯಲ್ಲಿ ಏನೋ ಹೇಳಿದರು. ಅವಳು ಕಿಸಕ್ಕೆಂದಳು.

ಚೊಂಬು ನನ್ನ ಕೈಗೆ ಬಂತು. ಹೊಸ ಹೆಸರು ಮಾತ್ರ ಇಬ್ಬರೂ ನನಗಿನ್ನೂ ಹೇಳಿಲ್ಲ.