ಜಪಾನಿನ ಕಥೆ, ನಮ್ಮನೆಯವರ ಹೆಸರು

ನನ್ನ ಮದುವೆಯಾದ ಮೂರನೆಯ ವರ್ಷ, ಕಾಲೇಜಿನಲ್ಲಿ ನನಗೆ ಇಂಗ್ಲಿಷ್ ಕಲಿಸಿದ್ದ ಮೇಷ್ಟ್ರು ಚಿಂತಾಮಣಿಯಿಂದ ಒಂದು ಪುಸ್ತಕ ಹಿಡಿದುಕೊಂಡು ಬಂದರು. ಶಿಡ್ಲಘಟ್ಟದಲ್ಲಿ ಬಸ್ಸಿಳಿದು ನಮ್ಮ ಹಳ್ಳಿಯವರೆಗೂ ಬಿಸಿಲಲ್ಲಿ ನಡೆದೇ ಬಂದಿದ್ದರು. ನಮ್ಮತ್ತೆ ಅವರನ್ನು ಒಳಗೆ ಕರೆಯಲಿಲ್ಲ. "ಹುಳ ಜ್ವರದಲ್ಲವೆ ಸ್ವಾಮಿ, ಹೊರಗಿನೋರು ಒಳಕ್ಕೆ ಬರಂಗಿಲ್ಲ" ಎಂದು ಜಗಲಿಯ ಮೇಲೇ ನೀರು ತಂದಿಟ್ಟರು. ರೇಷ್ಮೆ ಹುಳು ಪೊರೆ ಬಿಡುವ ಮುಂಚೆ ಮೇವು ಬಿಟ್ಟು ಮಲಗುವುದನ್ನು ನಮ್ಮ ಕಡೆ ಜ್ವರ ಎನ್ನುತ್ತಾರೆ. ಆವತ್ತು ನಮ್ಮ ಯಾವ ಹುಳುವಿಗೂ ಜ್ವರ ಇರಲಿಲ್ಲ. ಮೇಷ್ಟ್ರ ಮನೆತನದವರು ಅವರಪ್ಪನ ಕಾಲದಲ್ಲಿ ಬೌದ್ಧರಾದವರು. ಅದಕ್ಕೂ ಮುಂಚೆ ಅವರು ಊರಿನ ಯಾವ ಕೇರಿಯವರಾಗಿದ್ದರು ಎಂಬುದು ನಮ್ಮತ್ತೆಗೆ ಗೊತ್ತಿತ್ತು. ನಾನು ಬಾಗಿಲಿಗೆ ಒರಗಿ ನಿಂತೇ ಇದ್ದೆ.

ಮೇಷ್ಟ್ರು ಅದನ್ನೆಲ್ಲ ಗಮನಿಸದವರಂತೆ ನೀರು ಕುಡಿದು ಪುಸ್ತಕ ಕೊಟ್ಟರು. ಜಪಾನಿನ ಕಥೆಗಳ ಇಂಗ್ಲಿಷ್ ಅನುವಾದ. ರಟ್ಟು ಕಿತ್ತುಬಂದಿತ್ತು.

"ಒಂದು ಪತ್ರಿಕೆಯೋರು ಜಪಾನಿನ ಕಥೆಗಳ ವಿಶೇಷಾಂಕ ತರ್ತಿದಾರೆ ಕಣಮ್ಮ. ಇದ್ರಲ್ಲಿ ಒಂದು ಕಥೆ ನೀನು ಕನ್ನಡಕ್ಕೆ ಮಾಡ್ಕೊಡು."

"ನನ್ನ ಕೈಲಿ ಆಗುತ್ತಾ ಸಾರ್?"

"ಆಗದಿದ್ರೆ ನಾನು ಇಷ್ಟು ದೂರ ಯಾಕೆ ಬರ್ತಿದ್ದೆ?"

ಹೊರಡುವಾಗ ಮೆಟ್ಟಿಲ ಮೇಲೆ ನಿಂತು ಇನ್ನೊಂದು ಮಾತು ಹೇಳಿದರು: "ಯುದ್ಧದ ಬಗ್ಗೆ ಬರೀರಿ ಅಂದ್ರೆ ಈ ಜಪಾನಿನೋರು ಅನ್ನದ ಬಗ್ಗೆ ಬರೀತಾರೆ. ಓದಿ ನೋಡು, ಗೊತ್ತಾಗುತ್ತೆ."

ನಮ್ಮನೆಯವರು ಮಂಚೇನಹಳ್ಳಿ ಕಡೆಯ ಒಂದು ಹೈಸ್ಕೂಲಿನಲ್ಲಿ ಮೇಷ್ಟ್ರು. ಅಲ್ಲೇ ರೂಮು ಮಾಡಿಕೊಂಡಿದ್ದು ಶನಿವಾರ ಸಂಜೆ ಊರಿಗೆ ಬರುತ್ತಿದ್ದರು. ಮಾವ ತೀರಿಕೊಂಡಿದ್ದರು. ಹೊಲ, ಹಿಪ್ಪುನೇರಳೆ ತೋಟ, ಹುಳು ಮನೆ ಎಲ್ಲದರ ಕೆಲಸ ಅತ್ತೆಯದು ಮತ್ತು ನನ್ನದು. ಮದುವೆಗೆ ಮುಂಚೆ, ಬಿ.ಎ. ಮುಗಿಸಿದ ಹುಡುಗಿ ಗಂಡನ ಜೊತೆ ಹೋಗಿ ಇರುತ್ತಾಳೆ ಎಂದೇ ಮಾತಾಗಿತ್ತು. ಒಂದು ಬೆಳೆ ಮುಗಿಯಲಿ ಎಂದರು, ಆಮೇಲೆ ಇನ್ನೊಂದು ಬೆಳೆ. ರೇಷ್ಮೆಯಲ್ಲಿ ಬೆಳೆ ಮುಗಿಯುವುದೇ ಇಲ್ಲ. ಗೂಡು ಮಾರ್ಕೆಟ್ಟಿಗೆ ಹೋದ ವಾರದಲ್ಲೇ ಮನೆ ತೊಳೆದು ಸುಣ್ಣ ಬಳಿದು ಮತ್ತೆ ಮೊಟ್ಟೆ ತರಬೇಕು.

ಹುಳುವಿನ ಮೈಮೇಲೆ ಮೊಟ್ಟೆಯಿಡುವ ಊಜಿ ನೊಣದ ಕಾಟ ಆಗ ವಿಪರೀತವಾಗಿತ್ತು. ಅದು ಬರದಂತೆ ಹುಳು ಮನೆಯ ಕಿಟಕಿ ಬಾಗಿಲಿಗೆಲ್ಲ ನೈಲಾನ್ ಪರದೆ ಹೊಡೆಸಿದ್ದೆವು. ಒಳಗೆ ಹೋಗಬೇಕಾದರೆ ಕಾಲು ತೊಳೆದು, ಪರದೆ ಸರಿಸಿ, ಮತ್ತೆ ಕಟ್ಟಿಕೊಳ್ಳಬೇಕು. ಕೊನೆಯ ಎಂಟು ದಿನ ಹುಳುಗಳು ಸೊಪ್ಪು ತಿನ್ನುವ ಸದ್ದು ನಿಲ್ಲುವುದಿಲ್ಲ. ಆ ಎಂಟು ದಿನ ನಾನು ತವರಿಗೆ ಹೋಗುವುದಿರಲಿ, ಪಕ್ಕದ ಮನೆಗೂ ಹೋಗುವಂತಿರಲಿಲ್ಲ. ಹುಳು ಸಾಕುವ ತಟ್ಟೆಗಳಿಗೆ ಮೇವು ಹಾಕಿ ಮುಂದಿನ ಮೇವಿನ ಹೊತ್ತು ಬರುವವರೆಗೆ ಒಂದು ಮೂಲೆಯಲ್ಲಿ ಗೋಣಿಚೀಲದ ಮೇಲೆ ಕೂತುಕೊಳ್ಳುತ್ತಿದ್ದೆ. ಪುಸ್ತಕ ಓದಿದ್ದು ಅಲ್ಲೇ.

ಚಿಂತಾಮಣಿಯ ಮೇಷ್ಟ್ರು ಹೇಳಿದ್ದು ನಿಜವಾಗಿತ್ತು. ಇಡೀ ನಗರ ಸುಟ್ಟುಹೋದ ಕಥೆಯಲ್ಲಿ ಬಾಂಬು ಎಂಬ ಮಾತು ಒಂದೇ ಸಲ ಬರುತ್ತಿತ್ತು. ಉಳಿದದ್ದೆಲ್ಲ ಒಂದು ಸೇರು ಅಕ್ಕಿಗಾಗಿ ಮದುವೆಯ ರೇಷ್ಮೆ ಬಟ್ಟೆ ಕೊಟ್ಟ ಹೆಂಗಸಿನ ವಿಷಯ. ಭೂಕಂಪದ ಕಥೆಯೊಂದಿತ್ತು. ಅದರಲ್ಲಿ ಮನೆ ಬಿದ್ದ ಮೇಲೂ ಮುದುಕನೊಬ್ಬ ಬಾಗಿಲಿದ್ದ ಜಾಗದಲ್ಲಿ ಚಪ್ಪಲಿ ಬಿಟ್ಟೇ ಒಳಗೆ ಹೋಗುತ್ತಾನೆ. ಹೆಣ್ಣುಮಕ್ಕಳು ಗಿರಣಿ ಕೆಲಸಕ್ಕೆ ಪಟ್ಟಣಕ್ಕೆ ಹೋದಮೇಲೆ ಊಟದ ಹೊತ್ತಿಗೆ ಮಾತೇ ನಿಂತುಹೋದ ಮನೆಯ ಕಥೆಯೂ ಇತ್ತು. ಯಾರೂ ಎದೆ ಬಡಿದುಕೊಳ್ಳುವುದಿಲ್ಲ. ಅದೇ ನನಗೆ ಹೆಚ್ಚು ಕಷ್ಟವಾಗುತ್ತಿತ್ತು. ಅತ್ತುಬಿಟ್ಟಿದ್ದರೆ ಪುಸ್ತಕ ಮುಚ್ಚಿ ಎದ್ದುಹೋಗಬಹುದಿತ್ತು.

ನಾನು ಆರಿಸಿಕೊಂಡ ಕಥೆಯಲ್ಲಿ ಯುದ್ಧ ಮುಗಿದ ಮೇಲೆ ಒಬ್ಬ ಸೊಸೆ ಗಂಡನ ಮನೆಯ ಏಳು ಜನರೊಂದಿಗೆ ಒಂದೇ ಕೋಣೆಯಲ್ಲಿ ಬದುಕುತ್ತಾಳೆ. ಅವಳ ಮಗು ಸತ್ತಿದೆ. ದಿನಾ ಬೆಳಿಗ್ಗೆ ಎಲ್ಲರ ಹಾಸಿಗೆಯ ಜೊತೆ ಹತ್ತಿ ತುಂಬಿದ ಒಂದು ಚಿಕ್ಕ ಕುಲಾವಿಯನ್ನೂ ಬಿಸಿಲಿಗೆ ಹಾಕುತ್ತಾಳೆ. ಅತ್ತೆ ನೋಡುತ್ತಾಳೆ, ಅದನ್ನು ದಾಟಿಕೊಂಡು ಹೋಗುತ್ತಾಳೆ. ಕುಲಾವಿ ಎಂದು ಬರೆದವಳು ನಾನು. ಆದರೆ ಆ ಮಗು ಸತ್ತಿದ್ದು ಸುಡುಬೇಸಿಗೆಯಲ್ಲಿ. ಬೇಸಿಗೆಯಲ್ಲಿ ಮಗುವಿಗೆ ಹತ್ತಿಯ ಕುಲಾವಿ ಯಾಕೆ ಹಾಕಿದ್ದರು? ಇಂಗ್ಲಿಷಿನಲ್ಲಿದ್ದದ್ದನ್ನು ನಾನು ತಪ್ಪು ತಿಳಿದಿದ್ದೇನೆ ಎನ್ನಿಸಿ ಕಥೆ ಅಲ್ಲೇ ನಿಂತುಹೋಯಿತು.

ಆ ವರ್ಷಗಳಲ್ಲಿ ಜಪಾನಿನಿಂದ ರೇಷ್ಮೆ ತಜ್ಞರು ನಮ್ಮ ಸೀಮೆಗೆ ಬರುತ್ತಿದ್ದರು. ನಮ್ಮ ಹಳದಿ ಗೂಡಿನ ಬದಲು ಅವರ ತಳಿಯ ಬಿಳಿ ಗೂಡು ಬೆಳೆಯುವುದನ್ನು ಹೇಳಿಕೊಡಲು. ನಾವೂ ಒಂದು ಬೆಳೆ ಬಿಳಿ ಗೂಡು ಹಾಕಿದ್ದೆವು. ಅದನ್ನು ನೋಡಲು ಒಂದು ಬೆಳಿಗ್ಗೆ ಜೀಪು ಬಂತು. ಇಲಾಖೆಯ ಇಬ್ಬರ ಜೊತೆ ಐವತ್ತು ದಾಟಿದ ಒಬ್ಬ ಜಪಾನಿನವರು, ಅರ್ಧ ತೋಳಿನ ಬಿಳಿ ಅಂಗಿ. ಯಾರೂ ಹೇಳದೆಯೇ ಕಾಲು ತೊಳೆದುಕೊಂಡರು. ನಮ್ಮತ್ತೆ ಅವರನ್ನು ನೇರ ಹುಳು ಮನೆಯೊಳಕ್ಕೇ ಕರೆದರು, ಮಾವನ ಕುರ್ಚಿ ತರಿಸಿ ಹಾಕಿದರು. ಜಗಲಿಯ ಮೇಲೆ ಕೂತು ಹೋದ ಮೇಷ್ಟ್ರು ನನ್ನ ಕಣ್ಣ ಮುಂದೆ ಬಂದರು.

ಇಲಾಖೆಯವರು ತೋಟ ನೋಡಲು ಹೊರಗೆ ಹೋದಾಗ ಜಪಾನಿನವರು ಒಬ್ಬರೇ ತಟ್ಟೆಯ ಮೇಲೆ ಬಗ್ಗಿ ಹುಳು ನೋಡುತ್ತಿದ್ದರು. ನಾನು ಆ ಕುಲಾವಿಯ ವಿಷಯ ಇಂಗ್ಲಿಷಿನಲ್ಲಿ ಕೇಳಿಬಿಟ್ಟೆ. ಪುಸ್ತಕ ತೆಗೆದು ಆ ಸಾಲಿನ ಮೇಲೆ ಬೆರಳಿಟ್ಟು ತೋರಿಸಿದೆ. ಅವರು ಕನ್ನಡಕ ಏರಿಸಿ ಓದಿದರು. ಬಹಳ ಹೊತ್ತು ಓದಿದರು. ಆಮೇಲೆ ಎರಡು ಅಂಗೈಯನ್ನೂ ತಲೆಯ ಮೇಲಿಟ್ಟು, ಕಿವಿ ಮುಚ್ಚಿಕೊಂಡು, ಭುಜದವರೆಗೆ ಎಳೆದು ತೋರಿಸಿದರು. ಅವರ ಇಂಗ್ಲಿಷ್ ನನ್ನದಕ್ಕಿಂತ ಹೆಚ್ಚು ತಡವರಿಸುತ್ತಿತ್ತು.

"ಚಳಿಗೆ ಅಲ್ಲ. ಬೆಂಕಿಗೆ. ಆಕಾಶದಿಂದ ಕಿಡಿ ಬೀಳುತ್ತಿತ್ತು. ಎಲ್ಲ ಮಕ್ಕಳಿಗೂ ಇದು ಇತ್ತು. ಅಮ್ಮ ಇದನ್ನು ನೀರಲ್ಲಿ ನೆನೆಸಿ ನನ್ನ ತಲೆಗೆ ಹಾಕಿದರು. ನನಗೆ ಆರು ವರ್ಷ."

ಅಷ್ಟು ಹೇಳಿ ಕೈ ಇಳಿಸಿದರು. ಆ ಕಾಲದಲ್ಲಿ ಅವರ ಅಜ್ಜಿಯ ಊರಿನಲ್ಲಿ ಹಿಪ್ಪುನೇರಳೆ ಗಿಡ ಕಿತ್ತು ಗೆಣಸು ಹಾಕಿದ್ದರಂತೆ. ಹುಳು ಮನೆಯಲ್ಲಿ ಊರು ಬಿಟ್ಟು ಬಂದ ಜನ ಮಲಗುತ್ತಿದ್ದರಂತೆ.

ಮಜ್ಜಿಗೆ ತಂದಿದ್ದ ಅತ್ತೆ ಪರದೆಯ ಹತ್ತಿರ ನಿಂತಿದ್ದರು. "ಏನಂತೆ? ತಲೆ ಯಾಕೆ ಹಿಡ್ಕೊಂಡ?" ಎಂದರು. ನಾನು ಹೇಳಿದೆ. ಅವರು ಮಜ್ಜಿಗೆಯನ್ನು ಕೊಡದೆ ಹಾಗೇ ನಿಂತರು.

"ನಮ್ಮಣ್ಣ ಮಿಲಿಟ್ರಿ ಸೇರಿ ಬರ್ಮಾಕ್ಕೆ ಹೋದ. ಇವರ ಮೇಲೇ ಯುದ್ಧ. ಒಂದು ಕಾರ್ಡು ಬಂತು, ಆಮೇಲೆ ಏನೂ ಇಲ್ಲ. ಅಡುಗಮ್ಮಾ, ಅವನನ್ನ ಕೇಳು. ಅಲ್ಲಿ ಹೋದೋರೆಲ್ಲ ಏನಾದ್ರು ಅಂತ ಕೇಳು." ಮನಸ್ಸು ಕಲಕಿದಾಗ ಅವರ ಮಾತಿಗೆ ತವರಿನ ತೆಲುಗು ಬಂದುಬಿಡುತ್ತಿತ್ತು; ಅಡುಗಮ್ಮಾ ಎಂದರೆ ಕೇಳಮ್ಮ. ಅಣ್ಣನ ವಿಷಯ ನಾನು ಕೇಳಿದ್ದು ಅದೇ ಮೊದಲು.

ನಾನು ಇಂಗ್ಲಿಷಿನಲ್ಲಿ ಹೇಳಿದೆ. ಜಪಾನಿನವರು ನೆಟ್ಟಗೆ ನಿಂತು ಅತ್ತೆಗೆ ಸೊಂಟ ಬಗ್ಗಿಸಿ ನಮಸ್ಕರಿಸಿದರು. "ನನ್ನ ತಂದೆಯೂ ಬರಲಿಲ್ಲ. ಎಲ್ಲಿ ಎಂದು ನಮಗೂ ಗೊತ್ತಿಲ್ಲ" ಎಂದರು. ನಾನು ಅದನ್ನು ಕನ್ನಡದಲ್ಲಿ ಹೇಳಿದೆ. ಅತ್ತೆ ಲೋಟವನ್ನು ಅವರ ಕೈಗೇ ಕೊಟ್ಟರು.

ಆ ವಾರ ಕಥೆ ಮುಗಿಯಿತು. ಕುಲಾವಿಯನ್ನು ಹೊಡೆದುಹಾಕಿ, "ಕಿಡಿ ಬಿದ್ದರೆ ತಲೆ ಸುಡದಿರಲೆಂದು ಹತ್ತಿ ತುಂಬಿ ಹೊಲಿದ ಮುಸುಕು" ಎಂದು ಬರೆದೆ. ನನ್ನ ನೋಟ್‌ಬುಕ್ಕಿನ ತುಂಬ ಸೊಪ್ಪಿನ ಕಲೆ. ಶನಿವಾರ ಬಂದ ನಮ್ಮನೆಯವರು ಓದಿ, "ಇದನ್ನ ನಾನು ನೀಟಾಗಿ ಬರೆದು ಪೋಸ್ಟ್ ಮಾಡ್ತೀನಿ ಬಿಡು" ಎಂದರು. ಮೂರು ತಿಂಗಳ ನಂತರ ವಿಶೇಷಾಂಕ ಬಂತು. ಕಥೆಯ ಕೆಳಗೆ ಅನುವಾದಕರ ಜಾಗದಲ್ಲಿ ಅವರ ಹೆಸರಿತ್ತು.

"ಇದೇನ್ರೀ?"

"ನಿನ್ನ ಹೆಸರಲ್ಲಿ ಕಳಿಸಿದ್ರೆ ಹಾಕ್ತಾರೋ ಇಲ್ವೋ ಅನ್ನಿಸ್ತು ಕಣೇ. ನಾನಾದ್ರೆ ಮೇಷ್ಟ್ರು ಅಂತ ಇರುತ್ತಲ್ಲ. ಇಬ್ಬರಲ್ಲಿ ಯಾರದಾದ್ರೇನು?"

ಅವರು ಕೆಟ್ಟ ಮನುಷ್ಯರಲ್ಲ. ಕೆಟ್ಟವರಾಗಿದ್ದರೆ ಜಗಳವಾದರೂ ಆಡಬಹುದಿತ್ತು. ಮುಖ ಕೆಂಪಗೆ ಮಾಡಿಕೊಂಡು ನಿಂತಿದ್ದರು. ಅಷ್ಟು ಹೊತ್ತಿಗೆ ಅವರ ಸ್ಕೂಲಿನಲ್ಲಿ ಪ್ರಾರ್ಥನೆಯ ಹೊತ್ತಿಗೆ ವಿಷಯ ಹೇಳಿ ಮಕ್ಕಳಿಂದ ಚಪ್ಪಾಳೆ ಹೊಡೆಸಿ ಆಗಿತ್ತು.

ಚಿಂತಾಮಣಿಯಿಂದ ಮೇಷ್ಟ್ರು ಕಾರ್ಡು ಬರೆದರು. "ಸಂಪಾದಕರು ನನಗೆ ಗೊತ್ತು. ನೀನು ಹೂಂ ಅಂದರೆ ಮುಂದಿನ ಸಂಚಿಕೆಯಲ್ಲಿ ತಿದ್ದುಪಡಿ ಹಾಕಿಸುತ್ತೇನೆ." ಆ ಕಾರ್ಡನ್ನು ಹನ್ನೊಂದು ದಿನ ಸೆರಗಿನಲ್ಲಿ ಸಿಕ್ಕಿಸಿಕೊಂಡು ಓಡಾಡಿದೆ. ಹೂಂ ಎಂದರೆ ಊರಿಗೆಲ್ಲ ನನ್ನ ಗಂಡ ಕಳ್ಳನಾಗುತ್ತಾರೆ. ಬೇಡ ಎಂದರೆ ಆ ಕಥೆಯನ್ನು ನಾನೇ ಅವರಿಗೆ ಕೊಟ್ಟಂತೆ. ಯಾವ ಕಡೆ ತಿರುಗಿದರೂ ಗೋಡೆ. ಹನ್ನೆರಡನೆಯ ದಿನ "ಬೇಡ ಸಾರ್" ಎಂದು ಎರಡೇ ಪದ ಬರೆದು ಹಾಕಿದೆ. ಮೇಷ್ಟ್ರು ಮತ್ತೆ ಬರೆಯಲಿಲ್ಲ.

ಇಷ್ಟಕ್ಕೇ ಮುಗಿಯಲಿಲ್ಲ. ಚಿಕ್ಕಬಳ್ಳಾಪುರದಲ್ಲಿ ಓದುವ ಹವ್ಯಾಸದ ಕೆಲವು ಅಧ್ಯಾಪಕರು ಸೇರಿ, ಯುದ್ಧದ ನಂತರದ ಜಪಾನಿ ಸಾಹಿತ್ಯದ ಮೇಲೆ ಮಾತಾಡಿ ಎಂದು ನಮ್ಮನೆಯವರನ್ನು ಕರೆದರು. ಅವರು ಎರಡು ಶನಿವಾರ ಸುಮ್ಮನಿದ್ದು ಮೂರನೆಯ ಶನಿವಾರ ನನ್ನ ಮುಂದೆ ಬಿಳಿ ಹಾಳೆ ಇಟ್ಟರು. "ಸ್ವಲ್ಪ ಪಾಯಿಂಟ್ಸ್ ಬರ್ಕೊಡ್ತೀಯಾ?"

ಬರೆದುಕೊಟ್ಟೆ. ಪಾಯಿಂಟ್ಸ್ ಅಲ್ಲ, ಇಡೀ ಭಾಷಣ. ಬೇರೆ ಯಾರೂ ನನ್ನನ್ನು ಆ ಪುಸ್ತಕದ ಬಗ್ಗೆ ಕೇಳುವವರಿರಲಿಲ್ಲ. ಒಳಗೆ ತುಂಬಿಕೊಂಡದ್ದು ಹೋಗಲು ಇದ್ದದ್ದು ಅದೊಂದೇ ದಾರಿ.

ಭಾಷಣದ ದಿನ ನಾನೂ ಹೋದೆ. ಕೊನೆಯ ಸಾಲಿನಲ್ಲಿ ಕೂತೆ. ಚೆನ್ನಾಗಿಯೇ ಓದಿದರು. "ದೊಡ್ಡ ದುಃಖಕ್ಕೆ ದೊಡ್ಡ ಮಾತು ಸಾಲುವುದಿಲ್ಲ ಎಂದು ತಿಳಿದವರು ಇವರು" ಎಂಬಲ್ಲಿ ಜನ ತಲೆಯಾಡಿಸಿದರು. ಅದನ್ನು ನಾನು ಸೊಪ್ಪು ಹೆಚ್ಚುತ್ತಾ ಯೋಚಿಸಿದ್ದೆ. ಕೊನೆಯಲ್ಲಿ ಕಾಲೇಜು ಹುಡುಗಿಯೊಬ್ಬಳು ಎದ್ದು ನಿಂತಳು.

"ಸಾರ್, ಆ ಮುಸುಕು ಬೆಂಕಿ ಕಿಡಿಗೆ ಅಂತ ನಿಮಗೆ ಹೇಗೆ ಗೊತ್ತಾಯ್ತು?"

ಅವರು ಹಾಳೆ ತಿರುಗಿಸಿದರು. ಅದರಲ್ಲಿ ಇರಲಿಲ್ಲ. ತಲೆಯೆತ್ತಿ ನನ್ನನ್ನು ಹುಡುಕಿದರು. ಆ ಗಳಿಗೆಯಲ್ಲಿ ಎದ್ದು ನಿಂತಿದ್ದರೆ ಯಾರೂ ತಡೆಯುತ್ತಿರಲಿಲ್ಲ. ಮಂಡಿಯ ಮೇಲೆ ಕೈಯಿಟ್ಟು ಎದ್ದೇಳಬೇಕೆಂದುಕೊಂಡೆ. ಸೆರಗು ಸರಿಮಾಡಿಕೊಂಡು ಕೂತೇ ಇದ್ದೆ.

"ಪುಸ್ತಕದಲ್ಲೇ ಇದೆಯಮ್ಮ" ಎಂದರು ಅವರು.

ಬಸ್ಸಿನಲ್ಲಿ ಕಿಟಕಿಯ ಕಡೆ ಮುಖ ಮಾಡಿ ನಾನು ಹೇಳಿದೆ. "ಅದು ಪುಸ್ತಕದಲ್ಲಿ ಇರಲಿಲ್ಲ."

"ಗೊತ್ತು." ಟಿಕೆಟ್ಟನ್ನು ಮಡಿಚಿ ಜೇಬಿಗಿಟ್ಟುಕೊಂಡು, "ನಾಳೆ ಎಲ್ರಿಗೂ ಪತ್ರ ಬರೆದು ನಿಜ ಹೇಳಿಬಿಡ್ಲಾ?" ಎಂದರು. ಆ ದನಿಯಲ್ಲಿ ಬೇಡ ಎನ್ನು ಎಂಬ ಬೇಡಿಕೆಯಿತ್ತು. ನಾನು ಬೇಡ ಎಂದೆ. ಎರಡು ಸಲ ನಾನೇ ಹೇಳಿದ ಬೇಡದಿಂದ ಆಮೇಲೆ ಹೊರಗೆ ಬರಲು ಆಗಲೇ ಇಲ್ಲ.

ಅವರು ಮತ್ತೆ ಯಾವ ಸಭೆಗೂ ಹೋಗಲಿಲ್ಲ. ನಾನು ಆರು ವರ್ಷ ಒಂದು ಸಾಲೂ ಬರೆಯಲಿಲ್ಲ. ಅತ್ತೆಗೆ ಮಂಡಿನೋವು ಬಂದು ಹುಳು ಸಾಕುವುದು ನಿಂತಮೇಲೆ ಚಿಕ್ಕಬಳ್ಳಾಪುರದಲ್ಲಿ ಬಾಡಿಗೆ ಮನೆ ಹಿಡಿದೆವು. ಅಲ್ಲಿ ಒಂದು ಟುಟೋರಿಯಲ್ಲಿನಲ್ಲಿ ಇಂಗ್ಲಿಷ್ ಪಾಠಕ್ಕೆ ಸೇರಿಕೊಂಡೆ. ಭೂಕಂಪದ ಕಥೆಯನ್ನು ಕನ್ನಡಕ್ಕೆ ಮಾಡಿ ನಾನೇ ಅಂಚೆಗೆ ಹಾಕಿದೆ. ಎರಡು ಪತ್ರಿಕೆಗಳು ವಾಪಸು ಕಳಿಸಿದವು, ಮೂರನೆಯದು ನನ್ನ ಹೆಸರಿನಲ್ಲೇ ಹಾಕಿತು. ಮೇಷ್ಟ್ರಿಗೆ ಒಂದು ಪ್ರತಿ ಕಳಿಸಿದೆ. ಅದು ವಿಳಾಸದಾರರಿಲ್ಲ ಎಂದು ತಿರುಗಿ ಬಂತು.

ನಮ್ಮನೆಯವರು ಕೂತು ಕಥೆಯನ್ನು ಎರಡು ಸಲ ಓದಿದರು. "ಚೆನ್ನಾಗಿದೆ" ಎಂದರು. ಪತ್ರಿಕೆಯನ್ನು ಮಡಿಚಿ ನನ್ನ ಕೈಗೆ ಕೊಡುತ್ತಾ, "ಆದ್ರೆ ಆ ಮೊದಲನೇದು ಇನ್ನೂ ಚೆನ್ನಾಗಿತ್ತು ಕಣೇ" ಎಂದರು.

ಅವರು ಹೇಳಿದ್ದು ಸರಿ. ಅಂಥದ್ದು ನನ್ನಿಂದ ಮತ್ತೆ ಆಗಿಲ್ಲ.